ಮಿಸ್ಟರ್ ಎಕ್ಸ್ ನಾಯಕನಾದ ಕತೆ

(ತಿಂಗಳ ಮಾತುಕತೆಯಲ್ಲಿ ರಗ್ಬಿ ಲೀಗ್ ಆಟಗಾರ ಕ್ಲೈವ್ ಸಲಿವನ್ ಬಗ್ಗೆ ಆಡಿದ ಮಾತಿನ ಬರಹ ರೂಪ. ಮಾತಿನ ಓಟವನ್ನು ಆದಷ್ಟು ಹಾಗೇ ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಕ್ಲೈವ್ ಸಲಿವನ್ ಎಂಬ ಹೆಸರು ಕೇಳಿದವರು ಇಲ್ಲಿ ಯಾರಾದರೂ ಇದ್ದೀರಾ? ಇಲ್ಲದಿದ್ದರೂ ಸಂಕೋಚ ಬೇಡ. ಲಂಡನ್ನಿನ ಬೀದಿಯಲ್ಲಿ ನಿಂತು ಕೇಳಿದರೂ ಬಹಳ ಮಂದಿಗೆ ಗೊತ್ತಿರುವುದಿಲ್ಲ. ಇಂಗ್ಲೆಂಡಿನ ಈಶಾನ್ಯಕ್ಕೆ, ಹಲ್ ಎಂಬ ಬಂದರು ಊರಿಗೆ ಹೋಗಿ ಕೇಳಿದರೆ ಮಾತ್ರ ಅಜ್ಜಂದಿರು ನಿಂತಲ್ಲೇ ಅರ್ಧ ಗಂಟೆ ಮಾತಾಡಿಯಾರು. ಆ ಊರಿಗೆ ಪಶ್ಚಿಮದಿಂದ ಬರುವ ಹೆದ್ದಾರಿಗೇ ಅವರ ಹೆಸರಿದೆ.

1972ರಲ್ಲಿ ಸಲಿವನ್ ಗ್ರೇಟ್ ಬ್ರಿಟನ್ನಿನ ರಗ್ಬಿ ಲೀಗ್ ತಂಡಕ್ಕೆ ನಾಯಕರಾದರು, ಅದೇ ವರ್ಷ ವಿಶ್ವಕಪ್ಪನ್ನೂ ಗೆದ್ದರು. ಬ್ರಿಟನ್ ಎಂಬ ಇಡೀ ದೇಶದ ಹೆಸರಿನಲ್ಲಿ ಆಡುವ ತಂಡಕ್ಕೆ ಕಪ್ಪು ಜನಾಂಗದ ಒಬ್ಬ ನಾಯಕನಾದದ್ದು ಅದೇ ಮೊದಲು. ಇಂಗ್ಲೆಂಡಿನ ಫುಟ್‌ಬಾಲ್ ತಂಡದಲ್ಲಿ ಮೊದಲ ಕಪ್ಪು ಆಟಗಾರನಾಗಿ ವಿವ್ ಆಂಡರ್ಸನ್ ಆಡಲು ಆಗ ಇನ್ನೂ ಆರು ವರ್ಷ ಬಾಕಿ, ಅವರು ಆಡಿದ್ದು 1978ರಲ್ಲಿ. ಪಾಲ್ ಇನ್ಸ್ ಆ ತಂಡದ ಮೊದಲ ಕಪ್ಪು ನಾಯಕರಾಗಿ ಅಂಗಳಕ್ಕಿಳಿದದ್ದು 1993ರಲ್ಲಿ. ಅಂದರೆ ರಗ್ಬಿ ಲೀಗ್ ಮಾಡಿದ್ದನ್ನು ಮಾಡಲು ಫುಟ್‌ಬಾಲಿಗೆ ಇನ್ನೂ ಇಪ್ಪತ್ತೊಂದು ವರ್ಷ ಬೇಕಾಯಿತು. ಆದರೂ ಇನ್ಸ್ ಹೆಸರು ಎಲ್ಲರಿಗೂ ಗೊತ್ತು, ಸಲಿವನ್ ಹೆಸರು ಗೊತ್ತಿಲ್ಲ. ಇವತ್ತು ನನಗೆ ಹೇಳಬೇಕೆನಿಸುವುದು ಈ ವಿಚಿತ್ರದ ಬಗ್ಗೆ.

ಚರಿತ್ರೆ ಬಲ್ಲವರು ಇಲ್ಲಿ ಒಂದು ತಕರಾರು ತೆಗೆಯಬಹುದು. 1881ರಲ್ಲೇ ಆಂಡ್ರ್ಯೂ ವಾಟ್ಸನ್ ಸ್ಕಾಟ್ಲೆಂಡಿನ ಫುಟ್‌ಬಾಲ್ ನಾಯಕರಾಗಿದ್ದರಲ್ಲ, ಲಂಡನ್ನಿಗೇ ಬಂದು ಇಂಗ್ಲೆಂಡನ್ನು 6–1ರಿಂದ ಸೋಲಿಸಿದ್ದರಲ್ಲ ಎಂದು. ನಿಜ. ಬ್ರಿಟಿಷ್ ಗಯಾನಾದಲ್ಲಿ ಹುಟ್ಟಿದ ವಾಟ್ಸನ್ ಅವರೂ ಕಪ್ಪು ಜನಾಂಗದವರೇ. ಆದ್ದರಿಂದಲೇ ನಾನು ‘ಇಡೀ ಬ್ರಿಟನ್’ ಎಂದು ಒತ್ತಿ ಹೇಳಿದ್ದು. ಅಂದಹಾಗೆ ವಾಟ್ಸನ್ನರನ್ನೂ ಅವರ ದೇಶ ಹೆಚ್ಚುಕಡಿಮೆ ಒಂದು ಶತಮಾನ ಮರೆತೇ ಬಿಟ್ಟಿತ್ತು.

ಈಗ ಆಟದ ವಿಷಯಕ್ಕೆ ಬರೋಣ. ರಗ್ಬಿ ಎಂದರೆ ಒಂದೇ ಆಟ ಎಂದುಕೊಂಡವರು ನಮ್ಮಲ್ಲಿ ಬಹಳ ಮಂದಿ. ರಗ್ಬಿಗಳು ಎರಡು, ಯೂನಿಯನ್ ಒಂದು, ಲೀಗ್ ಇನ್ನೊಂದು. ಅವು ಬೇರೆಯಾದದ್ದು ಆಟದ ನಿಯಮಕ್ಕಾಗಿ ಅಲ್ಲ, ಒಂದು ದಿನದ ಕೂಲಿಗಾಗಿ.

ಹತ್ತೊಂಬತ್ತನೆಯ ಶತಮಾನದ ಕೊನೆಗೆ ರಗ್ಬಿಯನ್ನು ಆಳುತ್ತಿದ್ದವರು ದಕ್ಷಿಣ ಇಂಗ್ಲೆಂಡಿನ ದೊಡ್ಡ ಶಾಲೆಗಳಲ್ಲಿ ಓದಿದ ಶ್ರೀಮಂತರು. ಆಟಕ್ಕೆ ದುಡ್ಡು ತೆಗೆದುಕೊಳ್ಳುವುದು ಅವರ ಕಣ್ಣಿಗೆ ಕೀಳು. ಉತ್ತರದ ಯಾರ್ಕ್‌ಶೈರ್, ಲ್ಯಾಂಕಶೈರುಗಳಲ್ಲಿ ಅದೇ ಆಟ ಆಡುತ್ತಿದ್ದವರು ಗಣಿ, ಗಿರಣಿ, ಬಂದರುಗಳ ಕೆಲಸಗಾರರು. ಆಗ ಶನಿವಾರವೂ ಅರ್ಧ ದಿನ ದುಡಿಯಬೇಕಿತ್ತು. ಪಂದ್ಯಕ್ಕೆ ಹೋದರೆ ಆ ಹೊತ್ತಿನ ಸಂಬಳ ಕಟ್. ಲಾಭ ಬೇಡ, ತಪ್ಪಿದ ಕೂಲಿಯನ್ನಷ್ಟೇ ತುಂಬಿಕೊಡಿ ಎಂದು ಉತ್ತರದ ಕ್ಲಬ್ಬುಗಳು ಕೇಳಿದವು. ಆಟವನ್ನು ಆಳುತ್ತಿದ್ದ ಸಂಸ್ಥೆಯಾದ ಯೂನಿಯನ್ ಒಪ್ಪಲಿಲ್ಲ. 1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡಿನ ಜಾರ್ಜ್ ಹೋಟೆಲಿನಲ್ಲಿ ಸೇರಿದ ಕ್ಲಬ್ಬುಗಳು ಮನೆ ಬೇರೆ ಮಾಡಿಕೊಂಡವು. ಮೊದಮೊದಲು ದಿನಕ್ಕೆ ಆರು ಶಿಲ್ಲಿಂಗ್ ಮೀರದಂತೆ ಕೂಲಿ ತುಂಬಿಕೊಡುವುದೆಂದು ನಿಯಮ ಮಾಡಿಕೊಂಡರು. ಆಮೇಲೆ ದುಡ್ಡು ಕೊಟ್ಟು ನೋಡಲು ಬರುವ ಜನಕ್ಕೆ ಹಿಡಿಸುವಂತೆ ಆಟವನ್ನೇ ತಿದ್ದುತ್ತ ಹೋದರು. 1906ರಲ್ಲಿ ತಂಡಕ್ಕೆ ಹದಿನೈದರ ಬದಲು ಹದಿಮೂರು ಜನ ಸಾಕೆಂದರು.

ಇವತ್ತಿನ ಲೀಗ್ ಆಟವನ್ನು ಕಬಡ್ಡಿ ಬಲ್ಲ ನಮಗೆ ಅರ್ಥ ಮಾಡಿಸುವುದು ಕಷ್ಟವಲ್ಲ. ಎದುರಾಳಿಗಳು ಅಡ್ಡಗಟ್ಟಿ ನಿಂತಿರುತ್ತಾರೆ, ಚೆಂಡು ಹಿಡಿದವನು ನುಗ್ಗಬೇಕು. ಹಿಡಿದು ಕೆಡವಿದರೆ ಕಬಡ್ಡಿಯಲ್ಲಿ ರೈಡರ್ ಔಟ್. ಇಲ್ಲಿ ಔಟ್ ಇಲ್ಲ. ಬಿದ್ದವನು ಎದ್ದು, ಚೆಂಡನ್ನು ಕಾಲಡಿಯಿಂದ ಹಿಂದಕ್ಕೆ ಹೊರಳಿಸಿ ಆಟ ಮುಂದುವರಿಸುತ್ತಾನೆ. ಹೀಗೆ ಆರು ಸಲ ಕೆಡವಿಸಿಕೊಳ್ಳುವುದರೊಳಗೆ ಎದುರಾಳಿಯ ಗೆರೆ ದಾಟಿ ಚೆಂಡನ್ನು ನೆಲಕ್ಕೆ ಒತ್ತಬೇಕು. ಹಾಗೆ ಒತ್ತಿದರೆ ಅದು ಟ್ರೈ. ಆಗಲಿಲ್ಲವೋ, ಚೆಂಡು ಆ ಕಡೆಯವರಿಗೆ. ಚೆಂಡನ್ನು ಕೈಯಿಂದ ಮುಂದಕ್ಕೆ ಎಸೆಯುವಂತಿಲ್ಲ, ಅಕ್ಕಪಕ್ಕಕ್ಕೋ ಹಿಂದಕ್ಕೋ ಮಾತ್ರ. ನಡುವಿನಲ್ಲಿ ದೈತ್ಯರು ಗುದ್ದಾಡುತ್ತಾರೆ. ಅಂಚಿನ ಗೆರೆಗೆ ಅಂಟಿಕೊಂಡಂತೆ ನಿಂತಿರುವ ವಿಂಗರ್‌ಗೆ ಪಂದ್ಯದಲ್ಲಿ ನಾಲ್ಕೈದು ಸಲವಷ್ಟೇ ಒಳ್ಳೆಯ ಚೆಂಡು ಸಿಕ್ಕೀತು. ಸಿಕ್ಕಾಗ ಓಡಿದರೆ ಹಿಡಿಯಲು ಯಾರಿಗೂ ಆಗಬಾರದು. ಸಲಿವನ್ ವಿಂಗರ್.

ಬೇರೆಯಾದ ಮನೆಯ ಮೇಲೆ ದೊಡ್ಡ ಮನೆಯವರ ಸಿಟ್ಟು ಆರಲೇ ಇಲ್ಲ. ಒಮ್ಮೆ ಲೀಗ್ ಸೇರಿದವನಿಗೆ ಯೂನಿಯನ್ನಿನಲ್ಲಿ ಜೀವಮಾನದ ಬಹಿಷ್ಕಾರ. ಸಹಿ ಹಾಕುವುದು ಹಾಗಿರಲಿ, ಲೀಗ್ ಕ್ಲಬ್ಬಿನಲ್ಲಿ ಸುಮ್ಮನೆ ಪರೀಕ್ಷೆಗೆಂದು ಒಂದು ಪಂದ್ಯ ಆಡಿ ಸಿಕ್ಕಿಬಿದ್ದರೂ ಸಾಕು. ಅದಕ್ಕೆ ಲೀಗ್ ಕ್ಲಬ್ಬುಗಳು ಒಂದು ಉಪಾಯ ಹೂಡಿದ್ದವು. ಪರೀಕ್ಷೆಗೆ ಬಂದ ಹುಡುಗನ ನಿಜವಾದ ಹೆಸರನ್ನು ಪಂದ್ಯದ ಪಟ್ಟಿಯಲ್ಲಿ ಅಚ್ಚು ಹಾಕಿಸುತ್ತಿರಲಿಲ್ಲ, ಬದಲಿಗೆ ಏನೋ ಒಂದು ಗುಟ್ಟಿನ ಹೆಸರು ಹಾಕಿಸುತ್ತಿದ್ದರು. ಈ ಬಹಿಷ್ಕಾರ ಹೋದದ್ದು 1995ರಲ್ಲಿ, ಯೂನಿಯನ್ನೇ ಆಟಗಾರರಿಗೆ ದುಡ್ಡು ಕೊಡಲು ಶುರುಮಾಡಿದ ಮೇಲೆ. ಭರ್ತಿ ನೂರು ವರ್ಷ ‘ಕೀಳು’ ಎಂದು ಮೂಗು ಮುರಿದದ್ದನ್ನು ಕೊನೆಗೆ ತಾವೇ ಮಾಡಿದರು. ಈ ವಿಷಯ ಬಂದಾಗಲೆಲ್ಲ ನನಗೆ ನಗು ತಡೆಯಲಾಗುವುದಿಲ್ಲ.

ಇನ್ನು ಕಾರ್ಡಿಫ್. ವೇಲ್ಸಿನ ರಾಜಧಾನಿ. ಒಂದು ಕಾಲಕ್ಕೆ ಜಗತ್ತಿಗೆಲ್ಲ ಕಲ್ಲಿದ್ದಲು ಹೊರಡುತ್ತಿದ್ದ ಬಂದರು. ಸೋಮಾಲಿಯಾ, ಯೆಮನ್, ಪಶ್ಚಿಮ ಆಫ್ರಿಕಾ, ಕೆರಿಬಿಯನ್ ದ್ವೀಪಗಳಿಂದ ಹಡಗಿನಲ್ಲಿ ಬಂದ ನಾವಿಕರು ಇಲ್ಲಿಯ ಹೆಣ್ಣುಮಕ್ಕಳನ್ನು ಮದುವೆಯಾಗಿ ಬಂದರಿನ ಪಕ್ಕದ ಬ್ಯೂಟ್‌ಟೌನಿನಲ್ಲಿ ನೆಲೆಸಿದರು. ಆ ಕೇರಿಯನ್ನು ಜನ ಟೈಗರ್ ಬೇ ಎನ್ನುತ್ತಿದ್ದರು. ಅಲ್ಲಿಯ ಹುಡುಗರೆಲ್ಲ ರಗ್ಬಿ ಆಡುತ್ತಿದ್ದರು, ವೇಲ್ಸಿನಲ್ಲಿ ಹುಟ್ಟಿದ ಮೇಲೆ ಇನ್ನೇನು ಆಡಿಯಾರು! ಆದರೆ ವೇಲ್ಸಿನ ಯೂನಿಯನ್ ತಂಡದ ಆಯ್ಕೆಗಾರರ ಕಣ್ಣಿಗೆ ಅವರು ಬೀಳುತ್ತಲೇ ಇರಲಿಲ್ಲ. ಕಪ್ಪು ಆಟಗಾರರಿಗೆ ಬಾರದಿರಿ ಎಂದು ಬೋರ್ಡು ಹಾಕಿರಲಿಲ್ಲ, ಅಂಥ ನಿಯಮವನ್ನೂ ಯಾರೂ ಬರೆದಿರಲಿಲ್ಲ. ಆದರೂ 1980ರ ದಶಕದವರೆಗೆ ವೇಲ್ಸ್ ತಂಡದ ಆ ಕೆಂಪು ಅಂಗಿ ಒಬ್ಬ ಕಪ್ಪು ಆಟಗಾರನ ಮೈಮೇಲೂ ಬರಲಿಲ್ಲ.

ಹಾಗಾಗಿ ಅವರು ಉತ್ತರಕ್ಕೆ ರೈಲು ಹತ್ತಿದರು. ಬಿಲ್ಲಿ ಬೋಸ್ಟನ್ ಅವರಲ್ಲಿ ಬಹು ದೊಡ್ಡ ಹೆಸರು. ಅಪ್ಪ ಸಿಯೆರಾ ಲಿಯೋನಿನ ನಾವಿಕ, ಹನ್ನೊಂದು ಮಕ್ಕಳ ಸಂಸಾರ. 1953ರಲ್ಲಿ ವಿಗನ್ ಕ್ಲಬ್ಬಿನವರು ಹಣದ ಕಟ್ಟು ಹಿಡಿದು ಮನೆಗೇ ಬಂದರಂತೆ. ಮಗನನ್ನು ಕಳಿಸಲು ಮನಸ್ಸಿಲ್ಲದ ತಾಯಿ, ಇಷ್ಟು ಕೇಳಿದರೆ ಎದ್ದು ಹೋಗುತ್ತಾರೆಂದು ಮೂರು ಸಾವಿರ ಪೌಂಡ್ ಎಂದರಂತೆ. ಅವರು ಒಪ್ಪಿಬಿಟ್ಟರು! ಮುಂದೆ ಬೋಸ್ಟನ್ ತಮ್ಮ ಆಟದ ಬದುಕಿನಲ್ಲಿ 571 ಟ್ರೈ ಹೊಡೆದರು. ಅವರ ಮೇಲಿರುವುದು ಆಸ್ಟ್ರೇಲಿಯಾದ ಬ್ರಯನ್ ಬೆವನ್ ಒಬ್ಬರೇ. ಮೊದಲ ತಂಡದಲ್ಲಿ ಆರೇ ಪಂದ್ಯ ಆಡಿದ್ದ ಬೋಸ್ಟನ್ನರನ್ನು 1954ರಲ್ಲಿ ಬ್ರಿಟನ್ ಆಸ್ಟ್ರೇಲಿಯಾ, ನ್ಯೂಜಿಲೆಂಡ್ ಪ್ರವಾಸಕ್ಕೆ ಕರೆದೊಯ್ದಿತು. ಆ ಪ್ರವಾಸದಲ್ಲಿ 36 ಟ್ರೈ. ಇಂಥವನು ಕೈಬಿಟ್ಟುಹೋದದ್ದಕ್ಕೆ ವೇಲ್ಸಿನ ಯೂನಿಯನ್ ಆಯ್ಕೆಗಾರರು ರಾತ್ರಿ ನಿದ್ದೆ ಹೇಗೆ ಮಾಡಿದರೋ ಕಾಣೆ.

ಕ್ಲೈವ್ ಸಲಿವನ್ ಹುಟ್ಟಿದ್ದು ಇದೇ ಕಾರ್ಡಿಫಿನ ಸ್ಪ್ಲಾಟ್ ಎಂಬ ಬಡಾವಣೆಯಲ್ಲಿ, 1943ರ ಏಪ್ರಿಲ್ 9ರಂದು. ಜಮೈಕಾ ಮೂಲದ ಕುಟುಂಬ. ಹುಡುಗನಿಗೆ ಚಿಕ್ಕಂದಿನಲ್ಲೇ ಕಾಲು, ಪಾದ, ಭುಜಗಳಿಗೆ ಒಂದರ ಮೇಲೊಂದು ಶಸ್ತ್ರಚಿಕಿತ್ಸೆ. ಇವನು ಸರಿಯಾಗಿ ನಡೆದರೆ ಸಾಕು, ಆಟದ ಮಾತು ಬೇಡ ಎನ್ನುವ ಸ್ಥಿತಿ. ಶಾಲೆ ಬಿಟ್ಟು ಮೋಟಾರ್ ಮೆಕ್ಯಾನಿಕ್ ಕೆಲಸಕ್ಕೆ ಸೇರಿದ. ಆಮೇಲೆ ಸೈನ್ಯ ಸೇರಿದ.

ಸೈನ್ಯದಲ್ಲಿ ನಡೆದದ್ದು ತಮಾಷೆ. ಯಾರ್ಕ್‌ಶೈರಿನ ಕ್ಯಾಟರಿಕ್ ದಂಡಿನಲ್ಲಿ ತುಕಡಿ ತುಕಡಿಗಳ ನಡುವೆ ರಗ್ಬಿ ಪಂದ್ಯ. ವೇಲ್ಸಿನವನಲ್ಲವೇ, ಆಡಲು ಬಂದೇ ಬರುತ್ತದೆಂದು ಇವನ ಹೆಸರನ್ನೂ ಸೇರಿಸಿದರು. ಬಾಲ್ಯದ ಕಾಯಿಲೆಯ ವಿಷಯ ಬಾಯಿಬಿಟ್ಟರೆ ಸೈನ್ಯದ ಕೆಲಸಕ್ಕೇ ಸಂಚಕಾರ. ಸರಿ, ಅಂಗಳಕ್ಕೆ ಇಳಿಯೋಣ, ಕೆಟ್ಟದಾಗಿ ಆಡೋಣ, ಮುಂದಿನ ಸಲ ಇವರೇ ಬಿಟ್ಟುಬಿಡುತ್ತಾರೆ ಎಂದು ಹುಡುಗ ಲೆಕ್ಕ ಹಾಕಿದ. ಪಂದ್ಯದಲ್ಲಿ ಚೆಂಡು ಕೈಗೆ ಬಂತು. ಕಾಲುಗಳು ಲೆಕ್ಕ ಮರೆತವು. ನಡೆಯುವುದೇ ಕಷ್ಟ ಎನಿಸಿಕೊಂಡಿದ್ದವನು ಎಲ್ಲರನ್ನೂ ಹಿಂದೆ ಹಾಕಿ ಓಡಿದ್ದ.

ಅಲ್ಲಿಂದ ಲೀಗ್ ಕ್ಲಬ್ಬುಗಳ ಕಣ್ಣು ಬಿತ್ತು. ಬ್ರಾಡ್‌ಫರ್ಡ್ ನಾರ್ದರ್ನ್ ಕ್ಲಬ್ಬಿನವರು ಪರೀಕ್ಷಿಸಿ, ಬೇಡವೆಂದು ಕಳಿಸಿದರು. 1961ರ ಡಿಸೆಂಬರಿನಲ್ಲಿ ಹಲ್ ಕ್ಲಬ್ ಕರೆಯಿತು. ಬ್ರಾಮ್ಲಿ ತಂಡದ ಎದುರು ಪಂದ್ಯ. ಪಟ್ಟಿಯಲ್ಲಿ ವಿಂಗರಿನ ಹೆಸರು ‘ಮಿಸ್ಟರ್ ಎಕ್ಸ್’. ಆ ಮಿಸ್ಟರ್ ಎಕ್ಸ್ ಮೂರು ಟ್ರೈ ಹೊಡೆದ. ಕ್ಲಬ್ಬಿನವರು ತಡಮಾಡದೆ ಸಹಿ ಹಾಕಿಸಿಕೊಂಡರು. ವಯಸ್ಸು ಹದಿನೆಂಟು.

ಆಗ ಹಲ್ ತಂಡದ ತರಬೇತುದಾರರಾಗಿದ್ದವರು ರಾಯ್ ಫ್ರಾನ್ಸಿಸ್. ಇವರೂ ವೇಲ್ಸಿನವರು, ಇವರೂ ಕಪ್ಪು ಜನಾಂಗದವರು. 1947ರಲ್ಲಿ ಬ್ರಿಟನ್ನಿನ ರಗ್ಬಿ ಲೀಗ್ ತಂಡಕ್ಕೆ ಆಡಿದ ಮೊದಲ ಕಪ್ಪು ಆಟಗಾರ ಅವರೇ. ಅದರ ಹಿಂದಿನ ವರ್ಷ ಆಸ್ಟ್ರೇಲಿಯಾ ಪ್ರವಾಸಕ್ಕೆ ಅವರನ್ನು ಆರಿಸದೆ ಬಿಟ್ಟಿದ್ದರು. ಆ ದೇಶದ ವರ್ಣಭೇದಕ್ಕೆ ಹೆದರಿ ಬಿಟ್ಟರೆಂದೇ ಎಲ್ಲರೂ ತಿಳಿಯುತ್ತಾರೆ. ಆಟ ನಿಲ್ಲಿಸಿದ ಮೇಲೆ ತರಬೇತಿಗಿಳಿದು ಹಲ್ ತಂಡವನ್ನು 1956ರಲ್ಲೂ 1958ರಲ್ಲೂ ಚಾಂಪಿಯನ್ ಮಾಡಿದರು. ಪಂದ್ಯದ ಫಿಲ್ಮ್ ಹಾಕಿ ಆಟಗಾರರಿಗೆ ಅವರ ತಪ್ಪು ತೋರಿಸುವುದು, ಆಟಗಾರರ ಹೆಂಡತಿ ಮಕ್ಕಳು ಪಂದ್ಯ ನೋಡಲು ಬರುವಂತೆ ಗಾಡಿಯ ವ್ಯವಸ್ಥೆ ಮಾಡುವುದು ಇವೆಲ್ಲ ಐವತ್ತರ ದಶಕದಲ್ಲಿ ಅವರು ಮಾಡಿದ್ದು. ಈಗ ಇದಕ್ಕೆಲ್ಲ ಕ್ಲಬ್ಬುಗಳು ಬೇರೆ ಬೇರೆ ಪರಿಣತರನ್ನು ಇಟ್ಟುಕೊಂಡಿರುತ್ತವೆ. ಕಾರ್ಡಿಫಿನ ಹದಿನೆಂಟರ ಹುಡುಗ ಹೆಸರಿಲ್ಲದೆ ಬಂದು ನಿಂತದ್ದು ಇಂಥವರ ಮುಂದೆ. ಸಲಿವನ್ ಒಬ್ಬರೇ ಗೋಡೆ ಒಡೆದು ಬಂದರು ಎಂದು ಬರೆಯುವುದು ಸುಲಭ, ಆದರೆ ಅದು ಪೂರ್ತಿ ನಿಜವಲ್ಲ. ಫ್ರಾನ್ಸಿಸ್ ಮತ್ತು ಬೋಸ್ಟನ್ ಮೊದಲೇ ನಡೆದು ದಾರಿ ಸವೆಸಿದ್ದರು.

ಹಲ್ ಊರನ್ನು ಸ್ವಲ್ಪ ಹೇಳಲೇಬೇಕು. ಊರಿನ ಹೆಸರಿನದೇ ಸಣ್ಣ ನದಿಯೊಂದು ಅದನ್ನು ಪೂರ್ವ, ಪಶ್ಚಿಮ ಎಂದು ಸೀಳುತ್ತದೆ. ಆಗ ಪಶ್ಚಿಮದಲ್ಲಿ ಹೆಸಲ್ ರಸ್ತೆಯ ಮೀನುಗಾರರು, ಅವರ ಕ್ಲಬ್ ಹಲ್, ಅಂಗಿ ಕಪ್ಪು–ಬಿಳಿ, ಅಂಗಳ ಬುಲೆವಾರ್ಡ್. ಪೂರ್ವದಲ್ಲಿ ಹಡಗುಕಟ್ಟೆಯ ಕೆಲಸಗಾರರು, ಅವರ ಕ್ಲಬ್ ಹಲ್ ಕಿಂಗ್‌ಸ್ಟನ್ ರೋವರ್ಸ್, ಅಂಗಿ ಕೆಂಪು–ಬಿಳಿ, ಅಂಗಳ ಕ್ರೇವನ್ ಪಾರ್ಕ್. ಈ ಎರಡರಲ್ಲಿ ನೀನು ಯಾವುದು ಎಂಬುದು ಹುಟ್ಟಿನಿಂದಲೇ ಬರುತ್ತದೆ. ಮೀನು ಹಿಡಿಯಲು ಇಲ್ಲಿಯ ದೋಣಿಗಳು ಐಸ್‌ಲೆಂಡಿನಾಚೆಯ ಹಿಮದ ಕಡಲಿಗೆ ಹೋಗುತ್ತಿದ್ದವು. 1968ರ ಜನವರಿ, ಫೆಬ್ರವರಿಯಲ್ಲಿ ಕೆಲವೇ ವಾರಗಳ ಅಂತರದಲ್ಲಿ ಮೂರು ದೋಣಿ ಮುಳುಗಿ 58 ಮಂದಿ ಸತ್ತರು. ಹೆಸಲ್ ರಸ್ತೆಯ ಹೆಂಗಸರು ಲಿಲಿಯನ್ ಬಿಲೋಕಾ ಎಂಬವರ ಮುಂದಾಳತ್ವದಲ್ಲಿ ಬೀದಿಗಿಳಿದು ಕಡಲಿನ ಸುರಕ್ಷತೆಗಾಗಿ ಸರ್ಕಾರದ ಜೊತೆ ಜಗಳಕ್ಕೆ ನಿಂತರು. ಸಲಿವನ್ ಆಡುತ್ತಿದ್ದದ್ದು ಈ ಜನರ ಮುಂದೆ. ಅದೇ ವರ್ಷ ಏಪ್ರಿಲ್ 15ರಂದು ಡಾನ್‌ಕಾಸ್ಟರ್ ಎದುರು ಒಂದೇ ಪಂದ್ಯದಲ್ಲಿ ಏಳು ಟ್ರೈ ಹೊಡೆದರು, ಕ್ಲಬ್ಬಿನ ದಾಖಲೆ ಅದು. ವರ್ಷವಿಡೀ ಸಾವಿನ ಮಾತೇ ಆಗಿದ್ದ ಬೀದಿಗಳಲ್ಲಿ ಅವತ್ತು ಸಂಜೆ ಬೇರೆ ಮಾತು ನಡೆದಿರಬಹುದು ಎಂದು ನನ್ನ ಊಹೆ.

ಆ ಏಳು ಟ್ರೈಗಳವರೆಗಿನ ದಾರಿ ನೆಟ್ಟಗಿರಲಿಲ್ಲ. ಮೊದಲ ಕೆಲವು ವರ್ಷ ಅವರು ಸೈನಿಕರೂ ಹೌದು, ರಜೆ ಸಿಕ್ಕಾಗಷ್ಟೇ ಆಟ. 1963ರ ಅಕ್ಟೋಬರಿನಲ್ಲಿ ಭೀಕರ ಕಾರು ಅಪಘಾತ, ಬದುಕಿದ್ದೇ ಹೆಚ್ಚು. ಮೂರು ತಿಂಗಳೊಳಗೆ ಮತ್ತೆ ಆಟಕ್ಕೆ ಬಂದರು. 1964ರ ಬಹುಭಾಗ ಸೈಪ್ರಸ್ಸಿನಲ್ಲಿ ಸೈನ್ಯದ ಕೆಲಸ. ಮೊಣಕಾಲಿಗೆ ಮತ್ತೆ ಮತ್ತೆ ಶಸ್ತ್ರಚಿಕಿತ್ಸೆ. ಆ ಕಾಲುಗಳನ್ನಿಟ್ಟುಕೊಂಡು ಹಲ್ ಕ್ಲಬ್ಬಿಗೆ 352 ಪಂದ್ಯಗಳಲ್ಲಿ 250 ಟ್ರೈ.

ಬ್ರಿಟನ್ ತಂಡಕ್ಕೆ ಮೊದಲು ಆಡಿದ್ದು 1967ರಲ್ಲಿ, ಫ್ರಾನ್ಸ್ ಎದುರು. ಮರುವರ್ಷದ ವಿಶ್ವಕಪ್ಪಿನಲ್ಲಿ ನ್ಯೂಜಿಲೆಂಡ್ ಎದುರು ಒಂದೇ ಪಂದ್ಯದಲ್ಲಿ ಮೂರು ಟ್ರೈ. 1972ರಲ್ಲಿ ನಾಯಕತ್ವ ಬಂತು. ವಿಂಗರನ್ನು ನಾಯಕ ಮಾಡುವುದು ಈ ಆಟದಲ್ಲಿ ಅಪರೂಪ. ಅಂಚಿನಲ್ಲಿ ನಿಂತವನಿಗೆ ನಡುವಿನ ಗುದ್ದಾಟ ದೂರ, ಮಾತು ಕೇಳಿಸುವುದೂ ಕಷ್ಟ. ಆದರೂ ಅವರನ್ನೇ ಆರಿಸಿದರೆಂದರೆ ಉಳಿದ ಹನ್ನೆರಡು ಜನ ಅವರ ಮಾತಿಗೆ ಕಿವಿಗೊಡುತ್ತಿದ್ದರು ಎಂದೇ ಅರ್ಥ.

ವಿಶ್ವಕಪ್ ನಡೆದದ್ದು ಫ್ರಾನ್ಸಿನಲ್ಲಿ. ತಂಡಗಳು ನಾಲ್ಕೇ. ಮೊದಲು ಪೆರ್ಪಿನ್ಯಾನಿನಲ್ಲಿ ಆಸ್ಟ್ರೇಲಿಯಾವನ್ನು 27–21ರಿಂದ ಸೋಲಿಸಿದರು. ಗ್ರೆನೋಬ್ಲಿನಲ್ಲಿ ಫ್ರಾನ್ಸ್ ಎದುರು 13–4. ಪೋ ಊರಿನಲ್ಲಿ ನ್ಯೂಜಿಲೆಂಡ್ ಎದುರು 53–19. ಸಲಿವನ್ ಪ್ರತಿ ಪಂದ್ಯದಲ್ಲೂ ಟ್ರೈ ಹೊಡೆದರು. ನವೆಂಬರ್ 11ರಂದು ಲಿಯೋನಿನಲ್ಲಿ ಫೈನಲ್, ಮತ್ತೆ ಆಸ್ಟ್ರೇಲಿಯಾ ಜೊತೆ.

ವಿಶಾಲವಾದ ಗೆರ್ಲಾನ್ ಕ್ರೀಡಾಂಗಣದಲ್ಲಿ ಐದು ಸಾವಿರ ಪ್ರೇಕ್ಷಕರೂ ಇರಲಿಲ್ಲ. ಫ್ರಾನ್ಸ್ ಆಡುತ್ತಿಲ್ಲ, ಲಿಯೋನ್ ರಗ್ಬಿ ಲೀಗಿನ ಊರೂ ಅಲ್ಲ. ಆ ದಿನಗಳಲ್ಲಿ ಟ್ರೈಗೆ ಮೂರು ಅಂಕ, ಗೋಲಿನ ಕಂಬಗಳ ನಡುವೆ ಒದ್ದರೆ ಎರಡು. ಆಸ್ಟ್ರೇಲಿಯಾ ಮುಂದಿತ್ತು. ಆಗ ಸಲಿವನ್ ತಮ್ಮ ಅರ್ಧದೊಳಗೇ ಚೆಂಡು ಹಿಡಿದು ಹೊರಟರು. ಇನ್ನೂ ಉಳಿದಿರುವ ಮಸುಕು ಚಿತ್ರೀಕರಣದಲ್ಲಿ ನೋಡಿ, ತಲೆ ಹಿಂದಕ್ಕೆ, ಎದೆ ಮುಂದಕ್ಕೆ, ಉದ್ದ ಉದ್ದ ಹೆಜ್ಜೆ. ಬೆನ್ನಟ್ಟಿದ ಆಸ್ಟ್ರೇಲಿಯನ್ನರಿಗೂ ಅವರಿಗೂ ನಡುವಿನ ಅಂತರ ಕಡಿಮೆಯಾಗುವುದೇ ಇಲ್ಲ. ಅಂಗಳದ ಉದ್ದಕ್ಕೂ ಓಡಿ ಚೆಂಡು ಒತ್ತಿದರು. ಚಿಕ್ಕಂದಿನಲ್ಲಿ ಈ ಕಾಲಿಗೆ ಕತ್ತರಿ ಹಾಕಿದ ವೈದ್ಯರಲ್ಲಿ ಯಾರಾದರೂ ಇದನ್ನು ನೋಡಿದ್ದರೋ ಏನೋ.

ಆಮೇಲೆ ಆಸ್ಟ್ರೇಲಿಯಾದ ಆರ್ಥರ್ ಬೀಟ್ಸನ್ ನುಗ್ಗಿ ಟ್ರೈ ಮಾಡಿದರು, ಆಸ್ಟ್ರೇಲಿಯಾ 10–5. ಈ ಬೀಟ್ಸನ್ನರನ್ನೂ ಗಮನದಲ್ಲಿಡಿ. ಅವರು ಆಸ್ಟ್ರೇಲಿಯಾದ ಮೂಲನಿವಾಸಿ ಸಮುದಾಯದವರು. ಮರುವರ್ಷ, 1973ರಲ್ಲಿ, ತಮ್ಮ ದೇಶದ ತಂಡಕ್ಕೆ ನಾಯಕರಾದರು, ಯಾವುದೇ ಆಟದಲ್ಲಿ ಆಸ್ಟ್ರೇಲಿಯಾದ ನಾಯಕನಾದ ಮೊದಲ ಮೂಲನಿವಾಸಿ. ಆ ಖಾಲಿ ಕ್ರೀಡಾಂಗಣದಲ್ಲಿ ಒಂದೇ ಮಧ್ಯಾಹ್ನ ಎರಡು ದೇಶಗಳ ಚರಿತ್ರೆ ಎದುರುಬದುರು ಓಡುತ್ತಿತ್ತು. ನೋಡಲು ಐದು ಸಾವಿರ ಜನ ಸೇರಿರಲಿಲ್ಲ.

ಕೊನೆಯ ಹತ್ತು ನಿಮಿಷದೊಳಗೆ ಬ್ರಿಟನ್ನಿನ ಮೈಕ್ ಸ್ಟೀಫನ್ಸನ್ ಟ್ರೈ ಹೊಡೆದರು, ಟೆರ್ರಿ ಕ್ಲಾಸನ್ ಕಂಬದ ನಡುವೆ ಒದ್ದರು. 10–10. ಹೆಚ್ಚುವರಿ ಇಪ್ಪತ್ತು ನಿಮಿಷ ಆಡಿಸಿದರೂ ಸಮ. ಮೊದಲ ಸುತ್ತಿನಲ್ಲಿ ಮೂರಕ್ಕೆ ಮೂರೂ ಗೆದ್ದದ್ದರಿಂದ ಕಪ್ ಬ್ರಿಟನ್ನಿಗೆ. ಆಸ್ಟ್ರೇಲಿಯಾದ ನಾಯಕ ಗ್ರೇಮ್ ಲ್ಯಾಂಗ್ಲೆಂಡ್ಸ್ ಗಾಳಿಯಲ್ಲಿ ಹಾರಿ ಹಿಡಿದು ಒತ್ತಿದ ಒಂದು ಅದ್ಭುತ ಟ್ರೈಯನ್ನು ಫ್ರೆಂಚ್ ರೆಫ್ರಿ ಆಫ್‌ಸೈಡ್ ಎಂದು ತಳ್ಳಿಹಾಕಿದ್ದರು. ಚಿತ್ರೀಕರಣ ನೋಡಿದ ಬಹಳ ಮಂದಿ ಅದು ಸರಿಯಾದ ಟ್ರೈ ಎಂದೇ ಹೇಳುತ್ತ ಬಂದಿದ್ದಾರೆ, ನನಗೂ ಹಾಗೇ ಕಾಣುತ್ತದೆ. ಸಲಿವನ್ ಮೇಲಿನ ಪ್ರೀತಿಗಾಗಿ ಅದನ್ನು ಮುಚ್ಚಿಡಬೇಕಿಲ್ಲ. ಬ್ರಿಟನ್ನಾಗಲಿ, ಆಮೇಲೆ ಬೇರೆಯಾಗಿ ಆಡಿದ ಇಂಗ್ಲೆಂಡಾಗಲಿ, ಆ ನಂತರ ಪುರುಷರ ವಿಶ್ವಕಪ್ಪನ್ನು ಗೆದ್ದೇ ಇಲ್ಲ.

ಇಷ್ಟಾದರೂ ದೇಶ ಕುಣಿಯಲಿಲ್ಲ. ಏಕೆ? ಬಣ್ಣದ ಕಾರಣ ಎಂದು ಥಟ್ಟನೆ ಹೇಳಬಹುದು. ಅದಿಲ್ಲವೆಂದು ನಾನು ಹೇಳುವುದಿಲ್ಲ. ಆದರೆ ನನಗೆ ಅದಕ್ಕಿಂತ ದೊಡ್ಡದಾಗಿ ಕಾಣುವುದು ವರ್ಗ. ಈ ಆಟವೇ ಲಂಡನ್ನಿನ ಪತ್ರಿಕೆಗಳಿಗೆ ಉತ್ತರದ ಕೂಲಿಕಾರರ ಶನಿವಾರದ ಕಾಲಕ್ಷೇಪ. ಆ ತಂಡದ ನಾಯಕ ಬಿಳಿಯನಾಗಿದ್ದರೂ ಅವರು ಹೆಚ್ಚು ಬರೆಯುತ್ತಿರಲಿಲ್ಲ. ದುಡ್ಡು ಕೊಟ್ಟು ಆಡಿಸುವ ಆಟವಾದ್ದರಿಂದ ಗೆಲ್ಲಿಸುವವನು ಯಾರೇ ಆದರೂ ಕ್ಲಬ್ಬುಗಳಿಗೆ ಬೇಕಾಗಿತ್ತು, ಆ ಕಾರಣಕ್ಕೇ ಕಾರ್ಡಿಫಿನ ಹುಡುಗರಿಗೆ ಅಲ್ಲಿ ಬಾಗಿಲು ತೆರೆಯಿತು. ದೊಡ್ಡವರು ಇತ್ತ ತಿರುಗಿ ನೋಡದಿದ್ದದ್ದೂ ಅದು ದುಡ್ಡಿನ ಆಟ ಎಂಬ ಕಾರಣಕ್ಕೇ. ಸಲಿವನ್ ಮೇಲೇರಿದ್ದಕ್ಕೂ ಮರೆಯಾದದ್ದಕ್ಕೂ ಬೇರು ಒಂದೇ.

ಹಾಗೆಂದು ಉತ್ತರದವರೆಲ್ಲ ದೇವರೆಂದು ತಿಳಿಯಬೇಡಿ. ಆಸ್ಟ್ರೇಲಿಯಾದಲ್ಲಿ ನಡೆದ 1957ರ ವಿಶ್ವಕಪ್ ಮುಗಿಸಿ ಬರುವಾಗ ಬ್ರಿಟನ್ ತಂಡ ದಕ್ಷಿಣ ಆಫ್ರಿಕಾದಲ್ಲಿ ಪ್ರದರ್ಶನ ಪಂದ್ಯ ಆಡಿತು. ಅಲ್ಲಿ ವರ್ಣಭೇದದ ಸರ್ಕಾರ. ಬಿಲ್ಲಿ ಬೋಸ್ಟನ್ ಹೋಗುವಂತಿರಲಿಲ್ಲ. ತಂಡ ಅವರನ್ನು ಬಿಟ್ಟು ಹೋಯಿತು. ಹೋಗುವುದಿಲ್ಲ ಎಂದು ಆಟದ ಆಡಳಿತಗಾರರು ಹೇಳಬಹುದಿತ್ತು, ಹೇಳಲಿಲ್ಲ. ಹನ್ನೆರಡು ಸಾವಿರ ಮೈಲಿ ಬೋಸ್ಟನ್ನರನ್ನು ಕರೆದೊಯ್ದು ಆಡಿಸಿಕೊಂಡವರು ಅಲ್ಲಿ ಮಾತ್ರ ಕೈಬಿಟ್ಟರು.

1974ರಲ್ಲಿ ಸಲಿವನ್ ಇನ್ನೊಂದು ಧೈರ್ಯ ಮಾಡಿದರು. ನದಿ ದಾಟಿದರು. ಪಶ್ಚಿಮದ ಆರಾಧ್ಯದೈವ ಪೂರ್ವದ ರೋವರ್ಸ್ ಸೇರುವುದೆಂದರೆ ಆ ಊರಿನಲ್ಲಿ ಸಣ್ಣ ವಿಷಯವಲ್ಲ. ಆದರೂ ಎರಡು ಕಡೆಯವರೂ ಅವರನ್ನು ದ್ವೇಷಿಸಲಿಲ್ಲ. ರೋವರ್ಸ್‌ಗೆ 213 ಪಂದ್ಯಗಳಲ್ಲಿ 118 ಟ್ರೈ. ಊರಿನ ಎರಡೂ ಕ್ಲಬ್ಬುಗಳಿಗೆ ನೂರಕ್ಕೂ ಹೆಚ್ಚು ಟ್ರೈ ಹೊಡೆದವರು ಅವರೊಬ್ಬರೇ. ನಡುವೆ 1975ರ ವಿಶ್ವ ಚಾಂಪಿಯನ್‌ಷಿಪ್ಪಿನಲ್ಲಿ ವೇಲ್ಸ್ ತಂಡಕ್ಕೂ ಆಡಿದರು. ಯೂನಿಯನ್ನಿನಲ್ಲಿ ಸಿಗದ ವೇಲ್ಸಿನ ಅಂಗಿ ಲೀಗಿನಲ್ಲಿ ಸಿಕ್ಕಿತು.

1980ರ ಮೇ 3ರಂದು ಲೀಗ್ ಕ್ಲಬ್ಬುಗಳ ನಾಕೌಟ್ ಪಂದ್ಯಾವಳಿಯಾದ ಚಾಲೆಂಜ್ ಕಪ್ಪಿನ ಫೈನಲ್. ಲಂಡನ್ನಿನ ವೆಂಬ್ಲಿ. ಎದುರಾಳಿಗಳು ಹಲ್ ಮತ್ತು ಹಲ್ ಕಿಂಗ್‌ಸ್ಟನ್ ರೋವರ್ಸ್! ಊರಿಗೆ ಊರೇ ದಕ್ಷಿಣಕ್ಕೆ ಹೊರಟಿತು. ಊರ ಹೊರಗೆ ಹೆದ್ದಾರಿಯಲ್ಲಿ ಯಾರೋ ಬೋರ್ಡು ನೆಟ್ಟಿದ್ದರು, ಕೊನೆಗೆ ಹೊರಡುವವರು ದೀಪ ಆರಿಸಿ ಬನ್ನಿ ಎಂದು. 95,000 ಪ್ರೇಕ್ಷಕರ ಮುಂದೆ ರೋವರ್ಸ್ 10–5ರಿಂದ ಗೆದ್ದಿತು. ರೋವರ್ಸ್ ವಿಂಗಿನಲ್ಲಿ ಮೂವತ್ತೇಳರ ಸಲಿವನ್ ಇದ್ದರು.

ಅಲ್ಲಿಗೆ ನಿಲ್ಲಿಸಬಹುದಿತ್ತು. ಓಲ್ಡ್‌ಹ್ಯಾಮ್ ಕ್ಲಬ್ಬಿಗೂ ಒಂದಷ್ಟು ಆಡಿ ಮತ್ತೆ ಹಲ್ ಕ್ಲಬ್ಬಿಗೇ ಬಂದರು, ಹೆಚ್ಚಾಗಿ ಹುಡುಗರಿಗೆ ತರಬೇತಿ ಕೊಡುತ್ತ. 1982ರ ಚಾಲೆಂಜ್ ಕಪ್ ಫೈನಲ್ಲಿನಲ್ಲಿ ಹಲ್ ಮತ್ತು ವಿಡ್ನೆಸ್ 14–14 ಸಮ ಮಾಡಿಕೊಂಡವು. ಮರುಪಂದ್ಯ ಲೀಡ್ಸಿನ ಎಲಂಡ್ ರೋಡಿನಲ್ಲಿ. ವಿಂಗರ್ ಡೇನ್ ಒಹಾರಾಗೆ ಗಾಯ. ಬದಲಿಗೆ ಮೂವತ್ತೊಂಬತ್ತರ ಸಲಿವನ್ನರನ್ನು ಇಳಿಸಿದರು. ಹಲ್ 18–9ರಿಂದ ಗೆದ್ದಿತು.

ಮೂರು ವರ್ಷ ಕಳೆದು, 1985ರ ಅಕ್ಟೋಬರ್ 8ರಂದು, ಕ್ಯಾನ್ಸರಿನಿಂದ ತೀರಿಕೊಂಡರು. ವಯಸ್ಸು 42. ಹಂಬರ್ ಸೇತುವೆಯಿಂದ ಊರೊಳಕ್ಕೆ ಬರುವ ಎ63 ಹೆದ್ದಾರಿಯ ಭಾಗಕ್ಕೆ ಕ್ಲೈವ್ ಸಲಿವನ್ ವೇ ಎಂದು ಹೆಸರಿಟ್ಟರು. ಆ ದೀಪ ಆರಿಸುವ ಬೋರ್ಡು ನೆಟ್ಟಿದ್ದದ್ದೂ ಎ63ರಲ್ಲೇ.

ಹುಟ್ಟಿದ ಊರು ಎಚ್ಚೆತ್ತದ್ದು ತಡವಾಗಿ. 2023ರ ಜುಲೈಯಲ್ಲಿ ಕಾರ್ಡಿಫ್ ಬೇ ಚೌಕದಲ್ಲಿ ಮೂವರ ಕಂಚಿನ ಪ್ರತಿಮೆ ನಿಲ್ಲಿಸಿದರು. ಬಿಲ್ಲಿ ಬೋಸ್ಟನ್, ಕ್ಲೈವ್ ಸಲಿವನ್, ಇವರಿಬ್ಬರಿಗಿಂತ ಹಿರಿಯರಾದ ಗಸ್ ರಿಸ್ಮನ್. ರಿಸ್ಮನ್ ಲಾಟ್ವಿಯಾದಿಂದ ಬಂದವರ ಮಗ, 1946ರಲ್ಲಿ ಆಸ್ಟ್ರೇಲಿಯಾಕ್ಕೆ ಯುದ್ಧನೌಕೆ ಏರಿ ಹೋದ ಬ್ರಿಟನ್ ತಂಡದ ನಾಯಕ. ಮೂವರೂ ಊರು ಬಿಟ್ಟು ಹೋಗಿ ಹೆಸರು ಮಾಡಿದವರು. ಅನಾವರಣದ ದಿನ ಬೋಸ್ಟನ್ ಅಲ್ಲಿದ್ದರು. 2025ರ ಜೂನಿನಲ್ಲಿ ಅವರಿಗೆ ಸರ್ ಪದವಿ ಬಂತು. 1895ರಿಂದ ಲೆಕ್ಕ ಹಾಕಿದರೆ ಈ ಆಟದಲ್ಲಿ ಆ ಗೌರವ ಪಡೆದ ಮೊದಲಿಗರು ಅವರೇ. ರಗ್ಬಿ ಯೂನಿಯನ್, ಕ್ರಿಕೆಟ್, ಫುಟ್‌ಬಾಲಿನಲ್ಲಿ ಎಷ್ಟು ಮಂದಿ ಸರ್ ಆಗಿದ್ದಾರೆಂದು ನೀವೇ ಎಣಿಸಿಕೊಳ್ಳಿ.

ಮಾತು ಮುಗಿದ ಮೇಲೆ ಸಭೆಯಲ್ಲಿ ಹಿರಿಯರೊಬ್ಬರು ಕೇಳಿದರು, ಸಲಿವನ್ ಅವರ ಮಕ್ಕಳು ಯಾರಾದರೂ ಆಟಕ್ಕೆ ಬಂದರೇ ಎಂದು. ಬಂದರು. ಮಗ ಆಂಥೊನಿ ಸಲಿವನ್ ಕೂಡ ವಿಂಗರ್. ರೋವರ್ಸ್‌ನಲ್ಲಿ ಶುರುಮಾಡಿ ಸೇಂಟ್ ಹೆಲೆನ್ಸ್ ಕ್ಲಬ್ಬಿಗೆ ಹತ್ತು ವರ್ಷ ಆಡಿದರು, ಬ್ರಿಟನ್ನಿಗೂ ಆಡಿದರು. ಅಷ್ಟರಲ್ಲಿ ಬಹಿಷ್ಕಾರ ಹೋಗಿತ್ತು. ಆಟದ ಬದುಕಿನ ಕೊನೆಗೆ ಅವರು ಯೂನಿಯನ್ನಿಗೆ ಬಂದು ಕಾರ್ಡಿಫ್ ಕ್ಲಬ್ ಸೇರಿದರು. 2001ರಲ್ಲಿ ವೇಲ್ಸಿನ ರಗ್ಬಿ ಯೂನಿಯನ್ ತಂಡಕ್ಕೆ ಎರಡು ಪಂದ್ಯ ಆಡಿದರು.